ಬಾಗಿಲು ಹಾಕಿದ್ದು ಯಾರು? ವಾಲ್ಟರ್ ವಿಲಿಯಮ್ಸ್ ಓದುತ್ತಾ...

ಮೀಸಲಾತಿ ವಿಷಯಕ್ಕೆ ಜಗಳ ಶುರುವಾದಾಗಲೆಲ್ಲ ನನ್ನ ಮೊಬೈಲಿಗೆ ಒಂದು ಫಾರ್ವರ್ಡ್ ಬರುತ್ತೆ. ಸೂಟು ಹಾಕಿದ ಒಬ್ಬ ಕಪ್ಪು ಮನುಷ್ಯನ ಫೋಟೊ, ಕೆಳಗೆ ಇಂಗ್ಲಿಷಿನಲ್ಲಿ ನಾಲ್ಕು ಸಾಲು. "ನೋಡಿ, ಅಮೆರಿಕದ ಕಪ್ಪು ಪ್ರೊಫೆಸರೇ ಸರ್ಕಾರದ ಸಹಾಯ ಬೇಡ ಅಂತಾರೆ, ನಿಮಗೇನು ಕಷ್ಟ?" ಅಂತ ಕಳಿಸಿದವರ ಟಿಪ್ಪಣಿ. ಇದಕ್ಕೆ ನಮ್ಮವರು ಕೊಡೋ ಉತ್ತರವೂ ರೆಡಿ ಇರುತ್ತೆ: "ಅವನು ಬಿಳಿಯರ ಚಮಚಾ." ನಾನೂ ಒಂದೆರಡು ಸಲ ಹಾಗೇ ಬರೆದು ಮುಗಿಸಿದ್ದೆ. ಆಮೇಲೆ ಆ ಮನುಷ್ಯನ ಬರಹಗಳನ್ನು ಹುಡುಕಿ ಓದಿದೆ. ಚಮಚಾ ಅನ್ನೋದು ಸುಳ್ಳು. ಫಾರ್ವರ್ಡ್ ಕಳಿಸಿದವರೂ ಆತನನ್ನು ಓದಿಲ್ಲ ಅನ್ನೋದು ಅಷ್ಟೇ ನಿಜ. ಇದು ಸ್ವಲ್ಪ ಉದ್ದ ಆಗುತ್ತೆ ಗೆಳೆಯರೇ, ಬಿಡುವಿದ್ದಾಗ ಓದಿ.

ಹೆಸರು ವಾಲ್ಟರ್ ವಿಲಿಯಮ್ಸ್. ಹುಟ್ಟಿದ್ದು 1936ರಲ್ಲಿ, ಫಿಲಡೆಲ್ಫಿಯಾದಲ್ಲಿ. ಅಪ್ಪ ಬಿಟ್ಟು ಹೋದ ಮೇಲೆ ಅಮ್ಮನೇ ಮಗನನ್ನೂ ಮಗಳನ್ನೂ ಸಾಕಿದ್ದು. ಬೆಳೆದದ್ದು ಬಡವರಿಗೆ ಅಂತ ಸರ್ಕಾರ ಕಟ್ಟಿಸಿದ ರಿಚರ್ಡ್ ಅಲೆನ್ ಹೋಮ್ಸ್ ಎಂಬ ವಸತಿಯಲ್ಲಿ. ವಯಸ್ಸಿನಲ್ಲಿ ಟ್ಯಾಕ್ಸಿ ಓಡಿಸಿದ. 1959ರಲ್ಲಿ ಕಡ್ಡಾಯ ಸೈನ್ಯ ಸೇವೆಗೆ ಎಳೆದುಕೊಂಡು ಹೋಗಿ ಜಾರ್ಜಿಯಾದ ಒಂದು ಕ್ಯಾಂಪಿಗೆ ಹಾಕಿದರು. ಅಲ್ಲಿನ ಬಣ್ಣಭೇದದ ಜೊತೆ ಜಗಳವಾಡಿ ಕೋರ್ಟ್ ಮಾರ್ಷಲ್ ಎದುರಿಸಿದ, ನಿರ್ದೋಷಿ ಅಂತ ಹೊರಬಂದ. ಕೊರಿಯಾಕ್ಕೆ ಕಳಿಸಿದಾಗ ಫಾರಂನಲ್ಲಿ ಜನಾಂಗದ ಕಾಲಂ ಮುಂದೆ 'ಬಿಳಿಯ' ಅಂತ ಗುರುತು ಹಾಕಿದ. ಯಾಕೆ ಅಂತ ಅಧಿಕಾರಿ ಕೇಳಿದ್ದಕ್ಕೆ, ಕಪ್ಪು ಅಂತ ಬರೆದರೆ ಅತಿ ಕೆಟ್ಟ ಕೆಲಸ ನನ್ನ ತಲೆಗೇ ಬೀಳುತ್ತೆ ಅಂದ! ದಿನಾ ಫಾರಂಗಳ ಮಧ್ಯೆಯೇ ಕೂತು ಸಂಬಳ ತಗೊಳ್ಳೋ ನನಗೆ ಇದನ್ನು ಓದಿ ನಗು ತಡೆಯಕ್ಕಾಗಲಿಲ್ಲ. ಒಂದು ಕಾಲಂ ಏನೇನು ಮಾಡಬಲ್ಲದು ಅಂತ ಗುಮಾಸ್ತರಿಗೆ ಗೊತ್ತು.

1972ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಅರ್ಥಶಾಸ್ತ್ರದ ಪಿಎಚ್.ಡಿ. 1980ರಿಂದ ಜಾರ್ಜ್ ಮೇಸನ್ ವಿಶ್ವವಿದ್ಯಾಲಯದಲ್ಲಿ ಪಾಠ. 2020ರ ಡಿಸೆಂಬರ್‌ನಲ್ಲಿ ತೀರಿಕೊಳ್ಳೋವರೆಗೂ ಪಾಠ ಮಾಡ್ತಾ, ಪತ್ರಿಕೆಗಳಿಗೆ ಅಂಕಣ ಬರೀತಾ ಇದ್ದ.

ಆತನ ವಿಚಾರ ಒಂದೇ ಮಾತಿನಿಂದ ಶುರುವಾಗುತ್ತೆ: ನನ್ನ ಒಡೆಯ ನಾನೇ. ಗುಲಾಮಗಿರಿ ತಪ್ಪು ಯಾಕೆ ಅಂದರೆ ಒಬ್ಬನ ದುಡಿಮೆಯ ಫಲವನ್ನು ಇನ್ನೊಬ್ಬ ಬಲವಂತವಾಗಿ ಕಿತ್ತುಕೊಳ್ತಾನೆ. ಹಾಗಾದರೆ ಒಬ್ಬನ ತೆರಿಗೆ ಕಿತ್ತು ಇನ್ನೊಬ್ಬನಿಗೆ ಕೊಡೋದೂ ಅದೇ ಜಾತಿಯ ತಪ್ಪು ಅನ್ನೋದು ಆತನ ವಾದ. ನನಗೆ ಇಲ್ಲೇ ತಕರಾರು. 1862ರಲ್ಲಿ ವಾಷಿಂಗ್ಟನ್ ನಗರದಲ್ಲಿ ಗುಲಾಮರನ್ನು ಬಿಡಿಸಿದಾಗ ಅಮೆರಿಕ ಸರ್ಕಾರ ಪರಿಹಾರ ಕೊಟ್ಟಿತು, ತಲೆಗೆ 300 ಡಾಲರ್‌ವರೆಗೆ. ಯಾರಿಗೆ? ಒಡೆಯರಿಗೆ. ಕಿತ್ತುಕೊಂಡ ಫಲ ಎಲ್ಲಿದ್ದಿತೋ ಅಲ್ಲೇ ಉಳೀತು. ಅದರ ಲೆಕ್ಕ ಮುಗಿಸದೆ, ಇವತ್ತಿನಿಂದ ಯಾರೂ ಯಾರದ್ದನ್ನೂ ಮುಟ್ಟಬಾರದು ಅಂದರೆ ಹೇಗೆ? ವಿಲಿಯಮ್ಸ್ ಇದಕ್ಕೆ ತಮಾಷೆಯ ಉತ್ತರ ಕೊಟ್ಟ. ಯುರೋಪ್ ಮೂಲದ ಎಲ್ಲರಿಗೂ ಕ್ಷಮಾದಾನ ಅಂತ ಒಂದು ಪ್ರಮಾಣಪತ್ರ ಬರೆದು, ಇನ್ನು ಮೇಲೆ ಪಾಪಪ್ರಜ್ಞೆ ಬಿಟ್ಟು ಕಪ್ಪು ಜನರ ಜೊತೆ ಸರಿಯಾಗಿ ನಡ್ಕೊಳ್ಳಿ ಅಂತ ಹಂಚಿದ. ಬಿಳಿಯರಿಗೆ ಅದು ಬಹಳ ಹಿಡಿಸಿತು. ಹಿಡಿಸದೇ ಇರುತ್ತಾ!

ಆದರೆ ಇಲ್ಲಿಗೇ ಪುಸ್ತಕ ಮುಚ್ಚಿದರೆ ನಷ್ಟ ನಮಗೇ. ಆತನ ನಿಜವಾದ ಕೆಲಸ ಇರೋದು 1982ರಲ್ಲಿ ಬಂದ ಪುಸ್ತಕದಲ್ಲಿ. 'ಕಪ್ಪು ಜನರ ವಿರುದ್ಧ ಪ್ರಭುತ್ವ' ಅಂತ ಅದರ ಹೆಸರನ್ನು ಕನ್ನಡದಲ್ಲಿ ಹೇಳಬಹುದು. ಜನಾಂಗದ ಹೆಸರೇ ಎತ್ತದ ಕಾನೂನುಗಳು ಹೇಗೆ ಒಂದು ಜನಾಂಗವನ್ನು ಹೊರಗಿಡುತ್ತವೆ ಅಂತ ಆತ ಒಂದೊಂದಾಗಿ ಬಿಚ್ಚಿಡ್ತಾನೆ. ಟ್ಯಾಕ್ಸಿಯನ್ನೇ ತಗೊಳ್ಳಿ. ನ್ಯೂಯಾರ್ಕಿನಲ್ಲಿ 1937ರ ಕಾನೂನು ಟ್ಯಾಕ್ಸಿ ಪರವಾನಗಿಗಳ ಸಂಖ್ಯೆಗೆ ಬೀಗ ಹಾಕಿತು. ಹತ್ತು ಡಾಲರ್‌ಗೆ ಸಿಗ್ತಿದ್ದ ಪರವಾನಗಿ 80ರ ದಶಕದ ಹೊತ್ತಿಗೆ ಹತ್ತಾರು ಸಾವಿರ ಡಾಲರ್ ಆಗಿತ್ತು. ಕಾರು ಕೊಳ್ಳೋಕಿಂತ ಕಾರಿನ ಮೇಲೆ ಬಡಿಯೋ ತಗಡಿಗೆ ಜಾಸ್ತಿ ದುಡ್ಡು. ಹಾಗೆ ಬೀಗ ಹಾಕದ ವಾಷಿಂಗ್ಟನ್‌ನಲ್ಲಿ ಸ್ವಂತ ಟ್ಯಾಕ್ಸಿ ಇಟ್ಟ ಕಪ್ಪು ಜನ ಎಷ್ಟೋ ಹೆಚ್ಚು ಇದ್ದರು. ಕಾನೂನಿನಲ್ಲಿ 'ಕಪ್ಪು' ಅನ್ನೋ ಪದ ಎಲ್ಲೂ ಇಲ್ಲ.

ಇದಕ್ಕಿಂತ ಗಟ್ಟಿ ಕಥೆ ಡೇವಿಸ್-ಬೇಕನ್ ಕಾಯ್ದೆಯದು. 1927ರಲ್ಲಿ ನ್ಯೂಯಾರ್ಕಿನ ಲಾಂಗ್ ಐಲೆಂಡ್‌ನಲ್ಲಿ ಮಾಜಿ ಸೈನಿಕರಿಗೆ ಆಸ್ಪತ್ರೆ ಕಟ್ಟೋ ಕೇಂದ್ರ ಸರ್ಕಾರದ ಗುತ್ತಿಗೆ ಅಲಬಾಮಾದ ಒಬ್ಬ ಕಂಟ್ರಾಕ್ಟರಿಗೆ ಸಿಕ್ಕಿತು. ಅವನು ದಕ್ಷಿಣದಿಂದ ಕಪ್ಪು ಕೂಲಿಗಳನ್ನು ಕರ್ಕೊಂಡು ಬಂದ. ಸ್ಥಳೀಯ ಬಿಳಿ ಕೆಲಸಗಾರರಿಗೆ ಉರೀತು. ಅಲ್ಲಿನ ಸಂಸದ ರಾಬರ್ಟ್ ಬೇಕನ್ ಮಸೂದೆ ತಂದ: ಸರ್ಕಾರಿ ಕಟ್ಟಡ ಕೆಲಸಕ್ಕೆ ಆ ಊರಿನಲ್ಲಿ ನಡೀತಿರೋ ಕೂಲಿ ದರವನ್ನೇ ಕೊಡಬೇಕು. 1931ರಲ್ಲಿ ಅದು ಕಾಯ್ದೆಯಾಯಿತು. ಮೇಲಿಂದ ನೋಡಿದರೆ ಕಾರ್ಮಿಕರ ಪರ. ಆದರೆ ಅಲಬಾಮಾದ ಸಂಸದನೊಬ್ಬ ಸಂಸತ್ತಿನಲ್ಲೇ ಎದ್ದು, ಅಗ್ಗದ ಕಪ್ಪು ಕೂಲಿಗಳು ಬಿಳಿಯರ ಕೆಲಸಕ್ಕೆ ಪೈಪೋಟಿ ಕೊಡ್ತಿದ್ದಾರೆ ಅಂತ ಬಾಯಿಬಿಟ್ಟು ಹೇಳಿದ್ದ. ಕಟ್ಟಡ ಕೆಲಸದ ಯೂನಿಯನ್‌ಗಳು ಕಪ್ಪು ಜನರನ್ನು ಸದಸ್ಯರಾಗಿ ಸೇರಿಸ್ಕೊಳ್ತಾ ಇರಲಿಲ್ಲ. ಯೂನಿಯನ್ ದರವನ್ನೇ ಕೊಡಬೇಕು ಅಂದಮೇಲೆ ಯೂನಿಯನ್‌ನ ಬಿಳಿಯನನ್ನೇ ಇಟ್ಕೊಳ್ತಾರೆ, ಅಷ್ಟೇ. ಇದು ಬರೀ ಜನಾಂಗದ್ವೇಷದ ಕಾಯ್ದೆ ಅಲ್ಲ, ಕೂಲಿ ಕುಸಿತ ತಡೆಯೋದೇ ಮುಖ್ಯ ಉದ್ದೇಶವಾಗಿತ್ತು ಅನ್ನೋ ವಿದ್ವಾಂಸರೂ ಇದ್ದಾರೆ. ಇರಲಿ. 'ಸಮಾನ ಕೂಲಿ' ಅನ್ನೋ ಒಳ್ಳೆ ಮಾತೂ ಬೀಗದ ಕೈ ಆಗಬಹುದು ಅಂತ ನನಗೆ ಗೊತ್ತಾಗಿದ್ದು ಇಲ್ಲಿ.

1989ರ ಪುಸ್ತಕದಲ್ಲಿ ವಿಲಿಯಮ್ಸ್ ದಕ್ಷಿಣ ಆಫ್ರಿಕಾಕ್ಕೆ ಹೋಗ್ತಾನೆ. ಪ್ರಶ್ನೆ ಸರಳ: ಬಿಳಿ ಮಾಲೀಕರಿಗೆ ಕಪ್ಪು ಜನರನ್ನು ಒಳ್ಳೆ ಕೆಲಸಕ್ಕೆ ತಗೊಳ್ಳೋ ಮನಸ್ಸೇ ಇರಲಿಲ್ಲ ಅಂದರೆ, ತಗೊಳ್ಳಬೇಡಿ ಅಂತ ಕಾನೂನು ಯಾಕೆ ಬೇಕಾಯಿತು? 1922ರಲ್ಲಿ ಚಿನ್ನದ ಬೆಲೆ ಬಿದ್ದಾಗ ಗಣಿ ಮಾಲೀಕರು ದುಬಾರಿ ಬಿಳಿಯರ ಜಾಗಕ್ಕೆ ಅಗ್ಗದ ಕಪ್ಪು ಕೆಲಸಗಾರರನ್ನು ಹಾಕೋಕೆ ಹೊರಟರು. ಬಿಳಿ ಗಣಿಗಾರರು ಬಂಡೆದ್ದರು. ಅವರ ಬ್ಯಾನರಿನಲ್ಲಿ, ಲೋಕದ ಕಾರ್ಮಿಕರೆಲ್ಲ ಒಂದಾಗಿ, ಬಿಳಿ ದಕ್ಷಿಣ ಆಫ್ರಿಕಾಕ್ಕಾಗಿ ಹೋರಾಡಿ ಅನ್ನೋ ಅರ್ಥದ ಘೋಷಣೆ! ಕೆಂಪು ಬಾವುಟ ಹಿಡಿದವರು ಇದನ್ನು ಒಮ್ಮೆ ಓದಬೇಕು. ಸರ್ಕಾರ ವಿಮಾನದಿಂದ ಬಾಂಬು ಹಾಕಿ ಬಂಡಾಯ ಅಡಗಿಸಿತು. ಆದರೆ 1924ರ ಚುನಾವಣೆಯಲ್ಲಿ ಬಿಳಿ ಕಾರ್ಮಿಕರ ಲೇಬರ್ ಪಕ್ಷ ಹರ್ಟ್ಜೋಗ್‌ನ ನ್ಯಾಷನಲ್ ಪಕ್ಷದ ಜೊತೆ ಸೇರಿ ಗೆದ್ದಿತು. 1926ರಲ್ಲಿ ಗಣಿಯ ನುರಿತ ಕೆಲಸಗಳಿಂದ ಕಪ್ಪು ಜನರನ್ನು ಹೊರಗಿಡೋ ಕಾಯ್ದೆ ಬಂತು. ಮಾರುಕಟ್ಟೆ ತೆರೆಯೋಕೆ ಹೊರಟಿದ್ದ ಬಾಗಿಲನ್ನು ವೋಟು ಮುಚ್ಚಿತು ಅಂತಾನೆ ವಿಲಿಯಮ್ಸ್.

ಇಲ್ಲಿ ಅರ್ಧ ಕಥೆ ಬಿಟ್ಟುಹೋಗಿದೆ. ಕಪ್ಪು ಕೂಲಿ ಅಗ್ಗ ಆಗಿದ್ದು ಹೇಗೆ? 1894ರ ಗ್ಲೆನ್ ಗ್ರೇ ಕಾಯ್ದೆ ಹೊರಗೆ ಕೂಲಿಗೆ ಹೋಗದ ಆಫ್ರಿಕನ್ ಗಂಡಸರ ಮೇಲೆ ವರ್ಷಕ್ಕೆ 10 ಶಿಲಿಂಗ್ ತೆರಿಗೆ ಹಾಕಿತು. ತಂದವನು ಕೇಪ್ ಪ್ರಧಾನಿ ಸೆಸಿಲ್ ರೋಡ್ಸ್. ಅದೇ ರೋಡ್ಸ್ ವಜ್ರದ ಗಣಿ, ಚಿನ್ನದ ಗಣಿಗಳ ಧಣಿ. 1913ರ ಭೂ ಕಾಯ್ದೆ ಆಫ್ರಿಕನ್ನರಿಗೆ ಬಿಟ್ಟಿದ್ದು ದೇಶದ ನೆಲದಲ್ಲಿ ಸುಮಾರು ನೂರಕ್ಕೆ ಏಳು ಭಾಗ. ಇವು ಕೂಡ ಸರ್ಕಾರದ ಪಾಪವೇ ಅಂತ ವಿಲಿಯಮ್ಸ್ ಲೆಕ್ಕ ಹಾಕ್ತಾನೆ, ಸರಿ. ಆದರೆ ಸರ್ಕಾರ ಬೇರೆ, ಧಣಿ ಬೇರೆ ಅಂತ ಗೆರೆ ಎಳೆಯೋದು ಹೇಗೆ, ಇಬ್ಬರೂ ಒಂದೇ ಕೋಟು ಹಾಕ್ಕೊಂಡು ಓಡಾಡ್ತಿರೋವಾಗ?

ಇನ್ನೊಂದು ಅಮೆರಿಕದ್ದೇ ಕಥೆ ಇದೆ. ದಕ್ಷಿಣದ ರೈಲುಗಳಲ್ಲಿ ಎಂಜಿನ್ನಿಗೆ ಕಲ್ಲಿದ್ದಲು ಎಸೆಯೋ ಫೈರ್‌ಮನ್ ಕೆಲಸ ಬೆವರು, ಮಸಿಯ ಕೆಲಸ. ಅದಕ್ಕೆ ಕಪ್ಪು ಜನರೇ. ಯಂತ್ರ ಬಂದು ಕೆಲಸ ಹಗುರ ಆಗ್ತಿದ್ದಂಗೆ ಬಿಳಿಯರಿಗೆ ಬೇಕಾಯಿತು. ಕಪ್ಪು ಜನರನ್ನು ಸೇರಿಸ್ಕೊಳ್ಳದ ಯೂನಿಯನ್ನೇ, ಕಾನೂನಿನ ಬಲದಿಂದ, ಕಪ್ಪು ಫೈರ್‌ಮನ್‌ಗಳ ಪರವಾಗಿಯೂ ಸಹಿ ಹಾಕಿ ಅವರನ್ನು ಕೆಳಕ್ಕೆ ತಳ್ಳಿತು. ಇಲ್ಲಿಯವರೆಗೆ ವಿಲಿಯಮ್ಸ್ ಹೇಳೋದು ನೂರಕ್ಕೆ ನೂರು ಸರಿ. ಆದರೆ ಸ್ಟೀಲ್ ಎಂಬ ಫೈರ್‌ಮನ್ ಕೋರ್ಟಿಗೆ ಹೋದ. ಚಾರ್ಲ್ಸ್ ಹ್ಯಾಮಿಲ್ಟನ್ ಹ್ಯೂಸ್ಟನ್ ವಾದಿಸಿದರು. 1944ರಲ್ಲಿ ಸುಪ್ರೀಂ ಕೋರ್ಟು ಯೂನಿಯನ್‌ಗೆ, ನೀನು ಎಲ್ಲರನ್ನೂ ನ್ಯಾಯವಾಗಿ ಪ್ರತಿನಿಧಿಸಬೇಕು ಅಂತ ಹೇಳಿತು. ಬೀಗ ಹಾಕಿದ್ದೂ ಪ್ರಭುತ್ವ, ತೆಗೆಸೋಕೆ ಹೋದದ್ದೂ ಪ್ರಭುತ್ವದ ಹತ್ತಿರವೇ.

ಕಾನೂನು ಪೂರಾ ಸುಮ್ಮನಿದ್ದರೆ ಏನಾಗುತ್ತೆ? ಭೇದ ಮಾಡುವ ಮಾಲೀಕನಿಗೆ ನಷ್ಟ ಆಗುತ್ತೆ, ಲಾಭದ ಆಸೆಗೆ ಅವನೇ ಬದಲಾಗ್ತಾನೆ ಅಂತ ವಿಲಿಯಮ್ಸ್ ಲೆಕ್ಕ. ಈ ಲೆಕ್ಕವನ್ನು ಮುಂಬೈ ಬಟ್ಟೆ ಗಿರಣಿಗೆ ಹಾಕಿ ನೋಡಿ. ಅಲ್ಲಿ ನೇಯ್ಗೆ ವಿಭಾಗಕ್ಕೆ ಹೆಚ್ಚು ಸಂಬಳ, ಅಸ್ಪೃಶ್ಯರಿಗೆ ಪ್ರವೇಶ ಇಲ್ಲ. ಹಾಗಂತ ಯಾವ ಸರ್ಕಾರಿ ಕಾನೂನೂ ಇರಲಿಲ್ಲ. ನೂಲು ತುಂಡಾದಾಗ ಬಾಯಿಗೆ ಹಚ್ಚಬೇಕು, ಎಂಜಲು ಮೈಲಿಗೆ ಆಗುತ್ತೆ ಅಂತ ಸವರ್ಣ ಕೆಲಸಗಾರರು ಬಿಡ್ತಿರಲಿಲ್ಲ. ಮಾಲೀಕನಿಗೆ ಲಾಭ ಇತ್ತಲ್ಲ, ಯಾಕೆ ತೆರೆಯಲಿಲ್ಲ? ಜಗಳ ಬೇಡ ಅಂತ ಜಾತಿಗೇ ಶರಣಾದ. 1928ರ ದೊಡ್ಡ ಮುಷ್ಕರದ ಸಮಯದಲ್ಲಿ ಈ ಬಾಗಿಲು ತೆರೆಯೋದನ್ನೂ ಬೇಡಿಕೆಗಳಲ್ಲಿ ಸೇರಿಸಿ ಅಂತ ಬಾಬಾಸಾಹೇಬರು ಕಾರ್ಮಿಕ ನಾಯಕರ ಜೊತೆ ಜಗ್ಗಾಡಬೇಕಾಯಿತು.

ಹತ್ತು ವರ್ಷದ ನಂತರ, 1938ರ ಫೆಬ್ರುವರಿಯಲ್ಲಿ, ಮನ್ಮಾಡ್‌ನಲ್ಲಿ ಜಿಐಪಿ ರೈಲ್ವೆಯ ಅಸ್ಪೃಶ್ಯ ಕೆಲಸಗಾರರ ಸಮ್ಮೇಳನ. ನಮ್ಮ ಕಾರ್ಮಿಕರಿಗೆ ಎರಡು ಶತ್ರುಗಳು, ಬ್ರಾಹ್ಮಣಶಾಹಿ ಮತ್ತು ಬಂಡವಾಳಶಾಹಿ ಅಂತ ಬಾಬಾಸಾಹೇಬರು ಹೇಳಿದ್ದು ಅಲ್ಲೇ. ಆ ಮಾತು ನಮ್ಮ ಪೋಸ್ಟರುಗಳ ಮೇಲೆಲ್ಲ ಇದೆ. ಅದೇ ಭಾಷಣದಲ್ಲಿ ಅವರು ಕೊಟ್ಟ ಒಂದು ಸಣ್ಣ ವಿವರ ಯಾವ ಪೋಸ್ಟರಿನಲ್ಲೂ ಇಲ್ಲ. ನಮ್ಮವರಿಗೆ ಹಳಿ ಮೇಲೆ ಗ್ಯಾಂಗ್‌ಮನ್ ಕೆಲಸ ಸಿಗ್ತಿತ್ತು. ಪೋರ್ಟರ್ ಕೆಲಸ ಸಿಗ್ತಿರಲಿಲ್ಲ. ಯಾಕೆ ಅಂದರೆ ಪೋರ್ಟರ್ ಸ್ಟೇಷನ್ ಮಾಸ್ಟರ್ ಮನೆಯ ಕೆಲಸವನ್ನೂ ಮಾಡಬೇಕಿತ್ತು. ನಮ್ಮವರು ಆ ಮನೆಯೊಳಗೆ ಕಾಲಿಡೋ ಹಾಗಿರಲಿಲ್ಲ. ರೈಲ್ವೆಯ ಯಾವ ನಿಯಮದಲ್ಲೂ ಬರೆಯದೆ ಇದ್ದ ಆ ಹೊಸ್ತಿಲು ವಿಲಿಯಮ್ಸ್‌ನ ಯಾವ ಪುಸ್ತಕದಲ್ಲೂ ನನಗೆ ಸಿಗಲಿಲ್ಲ.

ನಿನ್ನೆ ರಾತ್ರಿ ಅದೇ ಫೋಟೊ ಮತ್ತೆ ಬಂತು. ಈ ಸಲ ಬೈಯಲಿಲ್ಲ. ಲಾಂಗ್ ಐಲೆಂಡ್ ಆಸ್ಪತ್ರೆಯ ಕಥೆಯನ್ನೂ ಗಿರಣಿಯ ನೂಲಿನ ಕಥೆಯನ್ನೂ ಒಟ್ಟಿಗೆ ಟೈಪ್ ಮಾಡಿ ಕಳಿಸಿದೆ. ನೀಲಿ ಟಿಕ್ ಬಂದಿದೆ, ಉತ್ತರ ಇನ್ನೂ ಬಂದಿಲ್ಲ.

ಜೈ ಭೀಮ್.