ಎರಿ ಹೊಲದ ಉತಾರ, ಪರದೇಶದ ವೀಸಾ

ಪರದೇಶಕ್ಕೆ ಓದಲು ಹೊರಟವರು ತುಂಬುವ ವೀಸಾ ಅರ್ಜಿಯಲ್ಲಿ ಮೊಟ್ಟಮೊದಲು ಎದುರಾಗುವುದು ಹೆಸರಿನ ಎರಡು ಖಾನೆ: ಅಡ್ಡಹೆಸರಿಗೊಂದು, ಸ್ವಂತ ಹೆಸರಿಗೊಂದು. ಹಳೆ ಮೈಸೂರು ಸೀಮೆಯ ಎಷ್ಟೋ ಮಂದಿಗೆ ಇಲ್ಲೇ ತೊಡಕು. ಅವರ ಹೆಸರಿಗೆ ಒಂದೆರಡು ಇನಿಷಿಯಲ್ ಬಿಟ್ಟರೆ ಅಡ್ಡಹೆಸರು ಅಂತ ಇರುವುದಿಲ್ಲ. ಪಾಸ್‌ಪೋರ್ಟಿನಲ್ಲಿ ಒಂದೇ ಹೆಸರಿದ್ದರೆ ಅಮೆರಿಕದ ವೀಸಾದಲ್ಲಿ ಸ್ವಂತ ಹೆಸರಿನ ಜಾಗಕ್ಕೆ ‘ಎಫ್‌ಎನ್‌ಯು’ ಎಂಬ ಮೂರಕ್ಷರ ಬಂದು ಕೂರುತ್ತದೆ, ಹೆಸರು ಗೊತ್ತಿಲ್ಲ ಎಂಬರ್ಥದಲ್ಲಿ. ಗದಗ ಜಿಲ್ಲೆಯ ರೋಣ ತಾಲ್ಲೂಕಿನವರಿಗೆ ಈ ತಾಪತ್ರಯ ಕಡಿಮೆ. ತನ್ನ ಹೆಸರು, ತಂದೆಯ ಹೆಸರು, ಅಡ್ಡಹೆಸರು ಎಂದು ಮೂರನ್ನೂ ಬರೆಯುವ ಮುಂಬೈ ಇಲಾಖೆಯ ರೂಢಿ ಇಲ್ಲಿ ಬೇರೂರಿದೆ, ಅಡ್ಡಹೆಸರು ಎಷ್ಟೋ ಸಲ ಊರಿನದೇ ಆಗಿರುತ್ತದೆ. ಈ ತಾಲ್ಲೂಕಿನ ಹಳ್ಳಿ ಅಸೂಟಿ ಬಿಟ್ಟು ಬೇರೆಡೆ ನೆಲೆಸಿದ ಮನೆತನಗಳು ‘ಅಸೂಟಿ’ ಎಂದೇ ಹೆಸರಾಗುತ್ತವೆ. ಹೆಸರಿನ ಖಾನೆ ದಾಟಿದ ಮೇಲೆ ಆ ಅರ್ಜಿ ಎಷ್ಟೇ ಪುಟ ಸುತ್ತಿ ಬಳಸಿದರೂ ಕೇಳುವುದು ಎರಡನ್ನು: ನಿನ್ನ ಖರ್ಚಿಗೆ ಯಾರಿದ್ದಾರೆ, ಓದು ಮುಗಿದ ಮೇಲೆ ತಿರುಗಿ ಬರುತ್ತೀಯೋ ಇಲ್ಲವೋ. ಈ ಎರಡೂ ವೀಸಾಕ್ಕಿಂತ ಹಳೆಯ ಪ್ರಶ್ನೆಗಳು. ಒಂದು ಕಾಲಕ್ಕೆ ವಿದ್ಯಾರ್ಥಿಯ ಪರವಾಗಿ ಸಂಸ್ಥಾನವೋ ಸಮಾಜವೋ ಟ್ರಸ್ಟೋ ಕಾಲೇಜೋ ಮುಂದೆ ನಿಂತು ಇದಕ್ಕೆ ಉತ್ತರ ಕೊಡುತ್ತಿತ್ತು. ಇವತ್ತು ಒಂದು ಒಕ್ಕಲುತನದ ಮನೆ ಒಂಟಿಯಾಗಿ ಕೊಡಬೇಕು. ಅಸೂಟಿಯಂಥ ಊರಿಗೆ ವೀಸಾ ಭಾರವಾಗಿರುವುದು ಇದರಿಂದ. ಹುಡುಗರ ಬುದ್ಧಿಯ ಕೊರತೆಯನ್ನಾಗಲಿ ಇಂಗ್ಲಿಷಿನ ಕೊರತೆಯನ್ನಾಗಲಿ ಮುಂದಿಟ್ಟು ಇದನ್ನು ವಿವರಿಸುವವರು ಇತಿಹಾಸವನ್ನು ಸರಿಯಾಗಿ ಓದಿಲ್ಲ.

ಕಾಗದವೇ ಇಲ್ಲದ ಕಾಲದಿಂದ ಶುರು ಮಾಡೋಣ. ಪಶ್ಚಿಮಘಟ್ಟದ ಗಂಗಾಮೂಲದ ಕಾಡಿನಲ್ಲಿ 1858ರಲ್ಲಿ ಹುಟ್ಟಿದ ಪಂಡಿತಾ ರಮಾಬಾಯಿ 1883ರಲ್ಲಿ ಇಂಗ್ಲೆಂಡಿಗೆ ಹಡಗು ಹತ್ತಿದಾಗ ಯಾವ ದೇಶದ ಠಸ್ಸೆಯೂ ಆಕೆಗೆ ಬೇಕಿರಲಿಲ್ಲ. ಮರುವರ್ಷ, 1884ರಲ್ಲಿ, ಗದಗದಿಂದ ಹೊಟಗಿಗೆ ರೈಲು ಬಂತು. ರೋಣ ತಾಲ್ಲೂಕಿನ ಹೊಳೆಆಲೂರಿನಲ್ಲಿ ಗಾಡಿ ಹತ್ತಿದವನು ಸೊಲ್ಲಾಪುರದ ಹಾದಿ ಹಿಡಿದು ಮುಂಬೈ ಬಂದರು ಮುಟ್ಟುವುದು ಸಾಧ್ಯವಾಯಿತು. ಹಾದಿ ತೆರೆದಿತ್ತು, ಬಾಗಿಲು ಮುಚ್ಚಿತ್ತು. ಆ ಬಾಗಿಲು ಇದ್ದದ್ದು ಬಂದರಿನಲ್ಲಲ್ಲ, ಮನೆಯ ಹೊಸ್ತಿಲಲ್ಲಿ. ಸಮುದ್ರ ದಾಟಿದವರನ್ನು ಪಂಕ್ತಿಗೆ ಸೇರಿಸಬೇಕೋ ಬೇಡವೋ, ಪ್ರಾಯಶ್ಚಿತ್ತ ಏನು, ಅವರ ಮನೆಗೆ ಹೆಣ್ಣು ಕೊಡಬಹುದೋ ಎಂಬ ಜಗಳ ಕರಾವಳಿಯ ಸಾರಸ್ವತರಲ್ಲಿ ಮಠಗಳವರೆಗೂ ಹೋಗಿ ಮನೆತನಗಳನ್ನು ಒಡೆಯಿತು. ಇಂದಿನ ವೀಸಾ ಅಧಿಕಾರಿ ತಿರುಗಿ ಬರುತ್ತೀಯಾ ಎಂದು ಕೇಳಿದರೆ ಅಂದಿನ ಸಮಾಜ ಕೇಳಿದ್ದು ತಿರುಗಿ ಬಂದರೆ ನಮ್ಮವನಾಗಿಯೇ ಬರುತ್ತೀಯಾ ಎಂದು. ರಮಾಬಾಯಿಗೆ ಸ್ವಂತ ನೆಲ, ದುಡ್ಡು, ಗಂಡ ಯಾವುದೂ ಇರಲಿಲ್ಲ, ಕೈಯಲ್ಲಿ ಕೂಸಿತ್ತು. ಇಂಗ್ಲೆಂಡಿನಲ್ಲಿ ಆಕೆಯನ್ನು ಇಳಿಸಿಕೊಂಡದ್ದು ವಾಂಟೇಜಿನ ಕ್ರೈಸ್ತ ಸನ್ಯಾಸಿನಿಯರ ಮಠ. ಆಕೆಯ ಮತಾಂತರದ ಬಗ್ಗೆ ಯಾರು ಏನೇ ಅಂದುಕೊಳ್ಳಲಿ, ಈ ಒಂದು ಸಂಗತಿ ಗಮನಿಸಬೇಕಾದದ್ದು: ಒಂಟಿ ಹೆಣ್ಣಿನ ಬೆನ್ನಿಗೆ ಒಂದು ಸಂಸ್ಥೆ ನಿಂತಿದ್ದರಿಂದ ಆ ಪ್ರಯಾಣ ಆಯಿತು.

ಪಾಸ್‌ಪೋರ್ಟ್ ಎಂಬುದು ಎಲ್ಲರಿಗೂ ಕಡ್ಡಾಯದ ವಸ್ತುವಾದದ್ದು ಮೊದಲ ಮಹಾಯುದ್ಧದ ಫಲ. ಯುದ್ಧ ಮುಗಿದರೂ ತಪಾಸಣೆ ಮುಗಿಯಲಿಲ್ಲ. 1920ರ ಕಾಯ್ದೆ ಅದನ್ನು ಕಾಯಂ ಮಾಡಿತು. ಆದರೆ ಬ್ರಿಟಿಷ್ ಪ್ರಜೆ ಎನಿಸಿಕೊಂಡ ಭಾರತೀಯನಿಗೆ ಇಂಗ್ಲೆಂಡಿನ ವೀಸಾ ಬೇಕಿರಲಿಲ್ಲ. ಗೋಕಾಕ ತಾಲ್ಲೂಕಿನ ಮಮದಾಪುರದ ಡಿ.ಸಿ. ಪಾವಟೆಯವರು 1920ರ ದಶಕದಲ್ಲಿ ಕೇಂಬ್ರಿಜ್‌ಗೆ ಹೋಗಿ ಗಣಿತದಲ್ಲಿ ರ‍್ಯಾಂಗ್ಲರ್ ಆದದ್ದು, ಎಸ್.ಸಿ. ನಂದೀಮಠರು ಲಂಡನ್ನಿನಲ್ಲಿ ವೀರಶೈವದ ಮೇಲೆ ಪಿಎಚ್‌.ಡಿ. ಮಾಡಿದ್ದು, ಸವಣೂರಿನ ವಿ.ಕೃ. ಗೋಕಾಕರು 1936ರಲ್ಲಿ ಆಕ್ಸ್‌ಫರ್ಡಿಗೆ ಹೋದದ್ದು ಎಲ್ಲವೂ ಈ ಏರ್ಪಾಡಿನಲ್ಲಿ. ಗೋಕಾಕರನ್ನು ಕಳಿಸಿದ್ದು ಅವರು ಪಾಠ ಹೇಳುತ್ತಿದ್ದ ಡೆಕ್ಕನ್ ಎಜುಕೇಶನ್ ಸೊಸೈಟಿ. ಹಾಗಾದರೆ ವೀಸಾ ಇಲ್ಲದ್ದರಿಂದ ಅಂದು ಎಲ್ಲ ಸಲೀಸಾಗಿತ್ತೇ? ಖಂಡಿತ ಇಲ್ಲ. ವೀಸಾ ಕೇಳದ ಕಾಲದಲ್ಲೂ ಧಾರವಾಡ ಜಿಲ್ಲೆಯ ಹಳ್ಳಿಗಳಿಂದ ಹೋದವರನ್ನು ಬೆರಳಲ್ಲಿ ಎಣಿಸಬಹುದಿತ್ತು. ತಡೆಗೋಡೆ ದುಡ್ಡಿನದು, ಅದನ್ನು ಒಡೆಯಲು ಒಂದು ಮನೆಯ ಕೈ ಸಾಲುತ್ತಿರಲಿಲ್ಲ.

ಆ ಗೋಡೆಗೆ ಮೊದಲ ಕಿಂಡಿ ಕೊರೆದ ಕಥೆ ನಮ್ಮ ಸೀಮೆಯದೇ, ಅದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ರೋಣಕ್ಕೆ ಹತ್ತಿರದ ನವಲಗುಂದ, ಅದರಾಚೆಯ ಸವದತ್ತಿ ತಾಲ್ಲೂಕಿನ ಶಿರಸಂಗಿ ಎರಡೂ ಕಡೆಯ ದೇಸಗತಿಯ ಒಡೆಯರಾಗಿದ್ದವರು ಲಿಂಗರಾಜ ದೇಸಾಯಿ. 1861ರಲ್ಲಿ ಹುಟ್ಟಿ, ದತ್ತಕರಾಗಿ ದೇಸಗತಿಗೆ ಬಂದವರು. 1904ರಲ್ಲಿ ಧಾರವಾಡದಲ್ಲಿ ನಡೆದ ಮೊದಲ ವೀರಶೈವ ಮಹಾಸಭೆಯ ಅಧ್ಯಕ್ಷರಾದವರು. 1906ರಲ್ಲಿ ತೀರಿಕೊಂಡಾಗ ಅವರ ಆಸ್ತಿ ಅವರು ಬರೆದಿಟ್ಟಿದ್ದ ಮೃತ್ಯುಪತ್ರದಂತೆ ಲಿಂಗಾಯತ ಸಮಾಜದ ಮಕ್ಕಳ ಓದಿಗೆ ಹೋಯಿತು. ನವಲಗುಂದ-ಶಿರಸಂಗಿ ಟ್ರಸ್ಟ್ ಹುಟ್ಟಿದ್ದು ಹೀಗೆ. ಇದನ್ನು ಬರೀ ದಾನ ಎಂದು ಕೈಮುಗಿದು ಮುಂದೆ ಹೋದರೆ ಅದರ ಮರ್ಮ ತಪ್ಪುತ್ತದೆ. ದೇಸಗತಿಯ ಹೊಲದ ಆದಾಯ ಅಲ್ಲಿಯವರೆಗೆ ಒಂದು ವಾಡೆಯ ಕಣಜ ತುಂಬುತ್ತಿತ್ತು. ಆಮೇಲೆ ಅದೇ ಹೊಲದ ಜೋಳ-ಹತ್ತಿ ಯಾರದೋ ಮಗನ ಫೀ ಆಯಿತು. ಒಬ್ಬ ಒಡೆಯನ ನೆಲ ಹೆಸರು ಗೊತ್ತಿಲ್ಲದ ಮಕ್ಕಳಿಗೆ ಜಾಮೀನು ನಿಂತಿತು. ಬೆಳಗಾವಿಯ ಲಿಂಗರಾಜ ಕಾಲೇಜಿಗೆ ಅವರ ಹೆಸರು ಬಂದದ್ದು ಈ ಋಣಕ್ಕೆ.

ಇಂಥ ಆಸರೆಗೆ ಇನ್ನೊಂದು ಮುಖವೂ ಇತ್ತು, ಅದನ್ನು ಮುಚ್ಚಿಡಬಾರದು. ಬೆನ್ನಿಗೆ ನಿಂತವರು ಕರಾರನ್ನೂ ಬರೆಸಿಕೊಳ್ಳುತ್ತಿದ್ದರು. ಬಡೋದೆಯ ಮಹಾರಾಜರು 1913ರಲ್ಲಿ ಅಂಬೇಡ್ಕರರನ್ನು ಕೊಲಂಬಿಯಾಕ್ಕೆ ಕಳಿಸುವಾಗ ಹತ್ತು ವರ್ಷ ಸಂಸ್ಥಾನದ ಚಾಕರಿ ಮಾಡುವ ಒಪ್ಪಂದಕ್ಕೆ ಸಹಿ ಆಗಿತ್ತು. ಅವರು ತಿರುಗಿ ಬಂದರು, ಚಾಕರಿಗೂ ಹೋದರು. ಜಾತಿಯ ಕಾರಣಕ್ಕೆ ಬಡೋದೆಯಲ್ಲಿ ಇರಲು ಒಂದು ಮನೆ ಸಿಗದೆ ಹೊರಬೀಳಬೇಕಾಯಿತು. ತಿರುಗಿ ಬಾ ಎಂದು ಬರೆಸಿಕೊಂಡವರು ಬಂದವನಿಗೆ ಬದುಕುವ ಜಾಗ ಮಾಡಿಕೊಡದ ಈ ಪ್ರಸಂಗ, ಹಳೆಯ ವ್ಯವಸ್ಥೆಯನ್ನು ಹೊಗಳಲು ಹೊರಟವರ ಬಾಯಿ ಕಟ್ಟಬೇಕು. ಟ್ರಸ್ಟುಗಳು ಜಾತಿಯ ಗೆರೆಯೊಳಗಿದ್ದವು, ಫಲ ಉಂಡವರು ಬಹುಪಾಲು ಗಂಡಸರು, ಅಸೂಟಿಯ ಕೂಲಿಯವನ ಮಗಳಿಗೆ ಅವುಗಳ ಹೆಸರೂ ತಲುಪಿರಲಾರದು ಎಂದು ಯಾರಾದರೂ ಅಂದರೆ ಆ ಮಾತು ಪೂರ್ತಿ ನಿಜ. ಆದರೆ ಆ ದೋಷ ಜಾಮೀನಿನ ತತ್ವದ್ದಲ್ಲ, ಅದರ ಸುತ್ತ ಹಾಕಿದ ಬೇಲಿಯದು. ಬೇಲಿ ಕೀಳುವ ಕೆಲಸವನ್ನು ಸ್ವತಂತ್ರ ಭಾರತ ಶುರು ಮಾಡಿತ್ತು: ಪರಿಶಿಷ್ಟರಿಗೆ ರಾಷ್ಟ್ರೀಯ ಸಾಗರೋತ್ತರ ವಿದ್ಯಾರ್ಥಿವೇತನ 1954-55ರಷ್ಟು ಹಿಂದೆಯೇ ಬಂತು, ನಮ್ಮ ರಾಜ್ಯದ ಪ್ರಬುದ್ಧ ಯೋಜನೆ ಅದೇ ಬಳ್ಳಿಯದು.

ಸ್ವಾತಂತ್ರ್ಯದ ನಂತರದ ಎರಡು ಮೂರು ದಶಕ ಬಾಗಿಲು ಕಾಯ್ದದ್ದು ಪರದೇಶಕ್ಕಿಂತ ಹೆಚ್ಚಾಗಿ ನಮ್ಮದೇ ಸರಕಾರ. ವಿದೇಶಿ ವಿನಿಮಯದ ಬರ. ರಿಸರ್ವ್ ಬ್ಯಾಂಕಿನ ‘ಪಿ’ ಫಾರ್ಮ್ ಮಂಜೂರಾಗದೆ ಟಿಕೆಟ್ಟೇ ಸಿಗುತ್ತಿರಲಿಲ್ಲ. ಪಾಸ್‌ಪೋರ್ಟ್ ಕೊಡುವುದು ಬಿಡುವುದು ಅಧಿಕಾರಿಯ ಮರ್ಜಿಯಾಗಿತ್ತು; ಪರದೇಶ ಪ್ರಯಾಣವೂ ವೈಯಕ್ತಿಕ ಸ್ವಾತಂತ್ರ್ಯದ ಭಾಗ ಎಂದು ಸುಪ್ರೀಂ ಕೋರ್ಟು 1967ರ ಏಪ್ರಿಲ್‌ನಲ್ಲಿ ಸತ್ವಂತ್ ಸಿಂಗ್ ಸಾಹ್ನಿ ಪ್ರಕರಣದಲ್ಲಿ ಹೇಳಿದ ಮೇಲೆಯೇ ಅದೇ ವರ್ಷ ಪಾಸ್‌ಪೋರ್ಟ್ ಕಾಯ್ದೆ ಬಂತು. ಈ ಬಿಗಿಯಲ್ಲೂ ಹೋದವರು ಯಾರು? ಬೆಳಗಾವಿಯಲ್ಲಿ ಮೇಷ್ಟರಾಗಿದ್ದ ಎ.ಕೆ. ರಾಮಾನುಜನ್ 1959ರಲ್ಲಿ ಫುಲ್‌ಬ್ರೈಟ್ ಮೇಲೆ ಅಮೆರಿಕಕ್ಕೆ, ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಓದಿದ ಗಿರೀಶ ಕಾರ್ನಾಡರು 1960ರಲ್ಲಿ ರೋಡ್ಸ್ ವಿದ್ಯಾರ್ಥಿವೇತನದ ಮೇಲೆ ಆಕ್ಸ್‌ಫರ್ಡಿಗೆ, ಯು.ಆರ್. ಅನಂತಮೂರ್ತಿ ಕಾಮನ್‌ವೆಲ್ತ್ ವಿದ್ಯಾರ್ಥಿವೇತನದ ಮೇಲೆ ಬರ್ಮಿಂಗ್‌ಹ್ಯಾಮಿಗೆ. ಮೂವರ ಬೆನ್ನಿಗೂ ಒಂದು ಸಂಸ್ಥೆ. ಕಾರ್ನಾಡರು ‘ಯಯಾತಿ’ ಬರೆದದ್ದು ಹೊರಡುವ ಮುಂಚಿನ ತಳಮಳದಲ್ಲಿ. ಮಗ ತಿರುಗಿ ಬರುತ್ತಾನೋ ಇಲ್ಲವೋ ಎಂಬ ಮನೆಯವರ ಆತಂಕ ಅವರನ್ನು ಕಾಡಿತ್ತು. ವೀಸಾ ಕೌಂಟರಿನ ಎರಡನೆಯ ಪ್ರಶ್ನೆ ಕನ್ನಡದಲ್ಲಿ ಒಂದು ದೊಡ್ಡ ನಾಟಕವಾಗಿ ಉಳಿದಿದೆ ಎಂದರೆ ಅತಿಯಾಗದು.

ಆಮೇಲೆ ಕಾವಲು ಆಚೆ ದಡಕ್ಕೆ ಹೋಯಿತು. ಬ್ರಿಟನ್ 1962ರಲ್ಲಿ ಕಾಮನ್‌ವೆಲ್ತ್ ಪ್ರಜೆಗಳ ಮುಕ್ತ ಪ್ರವೇಶಕ್ಕೆ ತಡೆ ಹಾಕಿತು, 1986ರಲ್ಲಿ ಭಾರತೀಯರಿಗೆ ವೀಸಾ ಕಡ್ಡಾಯ ಮಾಡಿತು. ಅಮೆರಿಕದ 1952ರ ವಲಸೆ ಕಾಯ್ದೆಯ 214(ಬಿ) ಕಲಮು ಅರ್ಜಿದಾರ ಅಲ್ಲಿಯೇ ನೆಲೆಸಲು ಬರುತ್ತಿದ್ದಾನೆ ಎಂದೇ ಹಿಡಿದುಕೊಳ್ಳುತ್ತದೆ. ಹಾಗಲ್ಲ ಎಂದು ರುಜುವಾತು ಮಾಡುವ ಹೊಣೆ ವಿದ್ಯಾರ್ಥಿಯದು. ಬ್ರಿಟನ್ನಿಗೆ ಬೇಕಾದ ಹಣ 28 ದಿನ ಖಾತೆಯಲ್ಲಿ ಅಲುಗದೆ ಇರಬೇಕು. ಜರ್ಮನಿಗೆ ವರ್ಷದ ಖರ್ಚೆಂದು 11,904 ಯೂರೋ ಮೊದಲೇ ಬೀಗ ಹಾಕಿದ ಖಾತೆಯಲ್ಲಿ ಇಡಬೇಕು. ಈ ನಿಯಮಗಳನ್ನು ಬರೆದವರ ಕಣ್ಣ ಮುಂದೆ ತಿಂಗಳ ಪಗಾರದ ಮನೆ ಇದೆ, ಸುಗ್ಗಿಯ ಮನೆ ಇಲ್ಲ.

ಸುಗ್ಗಿಯ ಮನೆಯ ಕಾಗದ ಎಂದರೆ ಉತಾರ, ಸರಕಾರಿ ಭಾಷೆಯಲ್ಲಿ ಪಹಣಿ. ಅದರ ಒಂಬತ್ತನೆಯ ಕಲಮಿನಲ್ಲಿ ಕಬ್ಜೆದಾರರ ಹೆಸರು ಇರುತ್ತದೆ. ರೋಣದ ಕಡೆ ಎಷ್ಟೋ ಉತಾರಗಳಲ್ಲಿ ಆ ಹೆಸರು ಇನ್ನೂ ತೀರಿಹೋದ ಅಜ್ಜನದು, ಇಲ್ಲವೆ ಅಣ್ಣತಮ್ಮಂದಿರದು ಜಂಟಿಯಾಗಿ. ವಾರಸಾ ಮಾಡಿಸಿ ಹಿಸ್ಸೆ ಬೇರೆಯಾಗದೆ ಇದು ನನ್ನ ಹೊಲ ಎಂದು ತಂದೆ ಹೇಳುವಂತಿಲ್ಲ. ಹನ್ನೊಂದನೆಯ ಕಲಮಿನಲ್ಲಿ ಬೆಳೆಸಾಲದ ಬೋಜಾ. ಎರಿ ಹೊಲ ನಂಬಿದ ಬಿಳಿಜೋಳ, ಕಡಲಿ, ಹೆಸರು, ಉಳ್ಳಾಗಡ್ಡಿಯ ಹಣ ವರ್ಷಕ್ಕೆ ಒಂದೆರಡು ಸಲ ಬಂದು ಬಂದಂತೆಯೇ ಸಾಲಕ್ಕೆ, ಬೀಜಕ್ಕೆ, ಮದುವೆಗೆ ಹೋಗುತ್ತದೆ. 28 ದಿನ ಖಾತೆಯಲ್ಲಿ ಕೂರುವ ಜಾತಿಯ ದುಡ್ಡಲ್ಲ ಅದು. ಒಕ್ಕಲುತನದ ಆದಾಯಕ್ಕೆ ಆದಾಯ ತೆರಿಗೆ ಇಲ್ಲ, ಆದ್ದರಿಂದ ರಿಟರ್ನ್ ಇಲ್ಲ, ಆದ್ದರಿಂದ ಕಾಗದದ ಕಣ್ಣಿಗೆ ಆದಾಯವೇ ಇಲ್ಲ. ರೈತನಿಗೆ ಕೊಟ್ಟ ವಿನಾಯಿತಿ ಅವನ ಮಗಳ ಅರ್ಜಿಯಲ್ಲಿ ತೂತಾಗುತ್ತದೆ.

ಬ್ಯಾಂಕುಗಳು ಶಿಕ್ಷಣ ಸಾಲ ಕೊಡುತ್ತವಲ್ಲ ಎಂಬುದು ಇದಕ್ಕೆ ಸಾಮಾನ್ಯವಾಗಿ ಬರುವ ಮರುಮಾತು. ಕೊಡುತ್ತವೆ, ಆದರೆ ಪರದೇಶದ ಓದಿಗೆ ಬೇಕಾಗುವಷ್ಟು ದೊಡ್ಡ ಮೊತ್ತಕ್ಕೆ ಸಾಮಾನ್ಯವಾಗಿ ಅಡಮಾನ ಕೇಳುತ್ತವೆ, ಹೊಲವನ್ನು ಅಡಮಾನವಾಗಿ ಹಿಡಿಯಲು ಹಿಂಜರಿಯುತ್ತವೆ. 2002ರ ಸರ್ಫೇಸಿ ಕಾಯ್ದೆಯ 31ನೆಯ ಕಲಮು ಕೃಷಿ ಜಮೀನನ್ನು ಅದರ ಜಪ್ತಿಯಿಂದ ಹೊರಗಿಟ್ಟಿದೆ. ರೈತನ ನೆಲ ಉಳಿಸಲು ಬೇಕೇ ಬೇಕಾದ ರಕ್ಷಣೆ ಅದು, ತೆಗೆಯಬೇಕೆಂದು ಯಾರೂ ಕೇಳಬಾರದು. ಅದರ ಪರಿಣಾಮ ಮಾತ್ರ ಕಣ್ಣೆದುರಿಗಿದೆ: ಹುಬ್ಬಳ್ಳಿಯಲ್ಲಿ ಒಂದು ಸಣ್ಣ ಫ್ಲ್ಯಾಟ್ ಇದ್ದವನಿಗೆ ಸಿಗುವ ಸಾಲ ಅಸೂಟಿಯಲ್ಲಿ ಹತ್ತೆಕರೆ ಇದ್ದವನಿಗೆ ಸುಲಭವಾಗಿ ಸಿಗದು. ಆಗ ಖರ್ಚು ಕಡಿಮೆ ಇರುವ ದೇಶ ಹುಡುಕಿಕೊಂಡು ಹೋಗುವುದು ಉಳಿಯುತ್ತದೆ. 2022ರ ಮಾರ್ಚ್ 1ರಂದು ಉಕ್ರೇನಿನ ಖಾರ್ಕಿವ್‌ನಲ್ಲಿ ಶೆಲ್ ದಾಳಿಗೆ ಬಲಿಯಾದ ವೈದ್ಯ ವಿದ್ಯಾರ್ಥಿ ಪಕ್ಕದ ಹಾವೇರಿ ಜಿಲ್ಲೆಯ ಹಳ್ಳಿಯವನು. ಇಲ್ಲಿ ಖಾಸಗಿ ಸೀಟಿನ ಬೆಲೆ ಕೈಗೆಟುಕದೆ ಅಷ್ಟು ದೂರ ಹೋಗುವ ಮನೆಗಳ ಕಥೆಯನ್ನು ಆ ಸಾವು ಇಡೀ ನಾಡಿಗೆ ಹೇಳಿತು.

ತನ್ನ ಗಡಿಯೊಳಗೆ ಯಾರು ಬರಬೇಕೆಂದು ನೋಡುವುದು ಆಯಾ ದೇಶದ ಹಕ್ಕು, ಸುಳ್ಳು ಕಾಗದ ತರುವವರೂ ಇದ್ದಾರೆ ಎಂಬ ವಾದವನ್ನು ಒಪ್ಪಲೇಬೇಕು. ಪರೀಕ್ಷೆ ಬೇಡ ಎಂದು ಕೇಳುವ ನೈತಿಕ ಬಲ ನಮಗಿಲ್ಲ. ಆದರೆ ಈ ಪರೀಕ್ಷೆ ಅಳೆಯುವುದು ಮನೆಯಲ್ಲಿ ಇವತ್ತು ಎಷ್ಟು ನಗದು ಇದೆ ಎಂಬುದನ್ನು, ಅದರಿಂದ ಹುಡುಗಿ ಓದುತ್ತಾಳೋ ಇಲ್ಲವೋ ಗೊತ್ತಾಗುವುದಿಲ್ಲ. ನಿಯಮ ಬದಲಿಸುವುದು ನಮ್ಮ ಕೈಯಲ್ಲಿಲ್ಲ. ಉತ್ತರ ಕೊಡುವವರನ್ನು ಬದಲಿಸುವುದು ಇದೆ. ಅದರ ಮಾದರಿಯನ್ನು ದೂರ ಹುಡುಕಬೇಕಾಗಿಲ್ಲ. ಲಿಂಗರಾಜರು ತೀರಿಕೊಳ್ಳುವ ಹಿಂದಿನ ವರ್ಷ, 1905ರಲ್ಲಿ, ಗದಗ ತಾಲ್ಲೂಕಿನ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ದೇಶದ ಮೊದಲ ಕೃಷಿ ಪತ್ತಿನ ಸಹಕಾರ ಸಂಘ ಕಟ್ಟಿದರು. 1904ರ ಕಾಯ್ದೆಯಂತೆ ಅಂಥ ಹಳ್ಳಿ ಸಂಘಗಳ ಹೊಣೆ ಅಪರಿಮಿತ: ಒಬ್ಬ ಸದಸ್ಯ ಸಾಲ ತೀರಿಸದಿದ್ದರೆ ಉಳಿದವರೆಲ್ಲ ಅದಕ್ಕೆ ಬಾಧ್ಯಸ್ಥರು. ಸಾಹುಕಾರನೆದುರು ಒಂಟಿಯಾಗಿ ನಿಲ್ಲಲಾರದ ರೈತನ ಪರ ಊರೇ ನಿಂತ ಬಗೆ ಅದು. ಆ ಸಂಘಗಳ ಸಂತತಿ ಇಂದೂ ರೋಣ ತಾಲ್ಲೂಕಿನ ಹಳ್ಳಿಗಳಲ್ಲಿ ಬೀಜ-ಗೊಬ್ಬರಕ್ಕೆ ಸಾಲ ಕೊಡುತ್ತಿದೆ, ಅವುಗಳ ಮೇಲೆ ರಿಸರ್ವ್ ಬ್ಯಾಂಕಿನ ನಿಗಾದಲ್ಲಿರುವ ಜಿಲ್ಲಾ ಸಹಕಾರ ಬ್ಯಾಂಕಿದೆ. ಹೊಲದ ಬೆಲೆ, ಮನೆಯ ನಡತೆ, ಹುಡುಗಿಯ ಓದು ಮೂರೂ ಗೊತ್ತಿರುವುದು ಆ ಸಂಘದ ಸದಸ್ಯರಿಗೆ. ಚೆನ್ನೈಯ ವೀಸಾ ಕೌಂಟರಿನ ಗಾಜಿನಾಚೆ ಕೂತ ಅಧಿಕಾರಿಗೆ ಗೊತ್ತಿರುವುದು ಬ್ಯಾಂಕಿನ ಒಂದು ಮಂಜೂರಾತಿ ಪತ್ರವನ್ನು ಓದಲು. ಬೆಳೆಸಾಲಕ್ಕೆ ಹನ್ನೊಂದನೆಯ ಕಲಮಿನಲ್ಲಿ ಬೋಜಾ ಬರೆಸಿಕೊಳ್ಳುವ ಸಂಘ, ಹತ್ತು ಮನೆಗಳ ಕೂಡು ಜಾಮೀನಿನ ಮೇಲೆ ಒಂದು ಓದಿನ ಸಾಲವನ್ನೂ ಬರೆಸಿಕೊಳ್ಳುವಂತೆ ಮಾಡಲು ಬೇಕಾದದ್ದು ಸರಕಾರದ ಒಂದು ತೀರ್ಮಾನ, ಜಿಲ್ಲಾ ಬ್ಯಾಂಕಿನ ಒಂದು ಠರಾವು. ಕಣಗಿನಹಾಳ ಅಸೂಟಿಗೆ ಅದೇ ಜಿಲ್ಲೆಯ ಊರು.