ನೇಪಥ್ಯದ ಕರ್ಮಿಗಳು

ಭರತಮುನಿಯ ನಾಟ್ಯಶಾಸ್ತ್ರವನ್ನು ಓದುವವರು ರಸಾಧ್ಯಾಯದಲ್ಲಿ ನಿಲ್ಲುವುದೇ ಹೆಚ್ಚು. ಗ್ರಂಥದ ಕೊನೆಯ ಭಾಗದವರೆಗೆ ಹೋಗುವವರು ವಿರಳ. ಅಲ್ಲಿ ಮುನಿಯು ನಾಟಕಮಂಡಲಿಗೆ ಸೇರಿದವರನ್ನು ಎಣಿಸುವಾಗ ನಟ, ಸೂತ್ರಧಾರ, ವಿದೂಷಕರೊಡನೆ ಮುಕುಟಕಾರ, ಆಭರಣಕಾರ, ಮಾಲ್ಯಕಾರ, ವೇಷಕಾರ, ಚಿತ್ರಕಾರ, ರಜಕ ಇವರನ್ನೂ ಒಂದೇ ಪಂಕ್ತಿಯಲ್ಲಿ ಕುಳ್ಳಿರಿಸಿರುವನು. ಆಹಾರ್ಯಾಭಿನಯವನ್ನು ನಿರೂಪಿಸುವಲ್ಲಿ ಬೆಟ್ಟ, ವಾಹನ, ವಿಮಾನಾದಿಗಳ ಪ್ರತಿಕೃತಿಗೆ ‘ಪುಸ್ತ’ವೆಂದು ಹೆಸರಿಟ್ಟು, ಜೋಡಿಸಿ ಕಟ್ಟಿದುದು ಸಂಧಿಮ, ಯಂತ್ರದಿಂದ ಚಲಿಸುವುದು ವ್ಯಾಜಿಮ ಎಂದು ವಿಭಾಗಿಸಿರುವನು. ಇಂದು ಚಲಚ್ಚಿತ್ರದವರು ಗಣಕಯಂತ್ರದಿಂದ ಸಾಧಿಸುವ ದೃಶ್ಯಮಾಯೆಯು ಈ ವ್ಯಾಜಿಮದ ಸಂತತಿಯೇ ಸರಿ.

ಉಡುಪಿ, ಕಾಪು, ಕಾರ್ಕಳದ ಸೀಮೆಯಲ್ಲಿ ಆ ಪಂಕ್ತಿಯ ವಾರಸುದಾರರನ್ನು ಕಾಣಬೇಕಾದರೆ ಯಕ್ಷಗಾನದ ಚೌಕಿಗೆ ಹೋಗಬೇಕು. ರಂಗಸ್ಥಳದಿಂದ ಅನತಿದೂರದಲ್ಲಿ, ಗಣಪತಿಯ ಮುಂದೆ ದೀಪವಿಟ್ಟು, ವೇಷಧಾರಿಗಳು ತಮ್ಮ ತಮ್ಮ ಸ್ಥಾನಕ್ಕನುಸಾರವಾಗಿ ಸಾಲಾಗಿ ಕುಳಿತುಕೊಳ್ಳುವರು. ತೆಂಕುತಿಟ್ಟಿನ ಬಣ್ಣದ ವೇಷಕ್ಕೆ ಅಕ್ಕಿಯ ಹಿಟ್ಟಿಗೆ ಸುಣ್ಣ ಬೆರೆಸಿ ‘ಚಿಟ್ಟಿ’ಯನ್ನು ಚುಕ್ಕಿ ಚುಕ್ಕಿಯಾಗಿ ಮುಖದ ಮೇಲೆ ಇಡುವುದಕ್ಕೆ ಗಂಟೆಗಟ್ಟಲೆ ಕಾಲ ಹಿಡಿಯುವುದು. ಹಗುರವಾದ ಮರದಲ್ಲಿ ಕೆತ್ತಿ, ಬೇಗಡೆ ಮೆತ್ತಿ, ಕನ್ನಡಿಯ ಚೂರು ಕೂರಿಸಿದ ಭುಜಕೀರ್ತಿ, ಎದೆಕಟ್ಟುಗಳು ದೊಂದಿಯ ಚಂಚಲವಾದ ಬೆಳಕಿನಲ್ಲಿ ರತ್ನಖಚಿತವಾಗಿ ತೋರುತ್ತಿದ್ದುವು. ರಾಕ್ಷಸನು ತೆರೆಯ ಮರೆಯಿಂದ ಮುಖ ತೋರಿಸುವಾಗ ಪಕ್ಕದಲ್ಲಿ ನಿಂತವನು ಉರಿಯುವ ದೊಂದಿಗೆ ರಾಳದ ಪುಡಿ ಎರಚಿದನೆಂದರೆ ಭುಗಿಲೆಂದು ಎದ್ದ ಜ್ವಾಲೆಯಲ್ಲಿ ಆ ಕೆಂಪು ಕಪ್ಪು ಬಿಳಿಯ ಮುಖವು ಕ್ಷಣಮಾತ್ರ ಹೊಳೆದು ಅಡಗುವುದು. ತಾಯ ಮಡಿಲಿನಲ್ಲಿ ನಿದ್ರಿಸುತ್ತಿದ್ದ ಮಕ್ಕಳು ಚೀರಿ ಏಳುವರು. ಒಂದು ಹಿಡಿ ರಾಳವನ್ನು ಚೆಂಡೆಯ ಯಾವ ಪೆಟ್ಟಿಗೆ ಎರಚಬೇಕೆಂಬುದನ್ನು ಯಾವ ಶಾಸ್ತ್ರಗ್ರಂಥವೂ ಹೇಳಿಕೊಡಲಾರದು. ವಿದ್ಯುದ್ದೀಪ ಬಂದ ಮೇಲೆ ಅದೇ ಬಣ್ಣ, ಅದೇ ಬೇಗಡೆ ಬಡವಾಗಿ ಕಾಣತೊಡಗಿತು. ದೋಷವು ವೇಷದ್ದಲ್ಲ, ಬೆಳಕಿನದು.

ಬೆಳಗಿನ ಮಂಗಳವಾದ ಮೇಲೆ ಪ್ರೇಕ್ಷಕರು ಮನೆಗೆ ಹೋಗಿ ಮಲಗುವರು. ಪೆಟ್ಟಿಗೆಯವರಿಗೆ ಆ ಭಾಗ್ಯವಿಲ್ಲ. ಕಿರೀಟಗಳನ್ನು ಬಿಚ್ಚಿ, ಬೆವರಿಗೆ ನೆನೆದ ಬಟ್ಟೆಗಳನ್ನು ಒಣಗಿಸಿ, ಎಲ್ಲವನ್ನೂ ಪೆಟ್ಟಿಗೆಗೆ ತುಂಬಿ, ಸಂಜೆಯೊಳಗಾಗಿ ಮುಂದಿನ ಊರನ್ನು ಸೇರಬೇಕು. ಸೇತುವೆಗಳಿಲ್ಲದ ಕಾಲದಲ್ಲಿ ಪೆಟ್ಟಿಗೆಯನ್ನು ತಲೆಯ ಮೇಲೆ ಹೊತ್ತು, ಹೊಳೆಯನ್ನು ದೋಣಿಯಲ್ಲಿ ದಾಟಿ ನಡೆದರು. ಅನಂತರ ಗಾಡಿ, ಆಮೇಲೆ ಲಾರಿ. ಮಳೆಗಾಲ ಕಳೆದ ಮೇಲೆ ಹೊರಟ ಮೇಳವು ಪತ್ತನಾಜೆಯವರೆಗೆ ಹೀಗೆಯೇ ತಿರುಗುವುದು. ನಂದಳಿಕೆಯ ಮುದ್ದಣನು (1870–1901) ರಚಿಸಿದ ‘ರತ್ನಾವತೀ ಕಲ್ಯಾಣ’ವು ಕವಿಯ ಹೆಸರಿನೊಡನೆ ಉಳಿದಿದೆ; ಅದನ್ನು ಆಡಿದ ರಾತ್ರಿಗಳಲ್ಲಿ ಕಿರೀಟ ಕಟ್ಟಿದವರ ಹೆಸರುಗಳು ಉಳಿದಿಲ್ಲ. ಕೋಟದ ಶಿವರಾಮ ಕಾರಂತರು ‘ಯಕ್ಷಗಾನ ಬಯಲಾಟ’ ಗ್ರಂಥದಲ್ಲಿ ವೇಷಭೂಷಣಗಳನ್ನು ಶ್ರದ್ಧೆಯಿಂದ ವಿವರಿಸಿದುದರಿಂದ ವಿದ್ಯೆಯಾದರೂ ಬರೆಹಕ್ಕೆ ಬಂತು. ಆ ಗ್ರಂಥಕ್ಕೆ 1959ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿಯೂ ದೊರೆಯಿತು.

ಚಲಚ್ಚಿತ್ರವು ಬಂದ ಮೇಲೆ ನೇಪಥ್ಯದವರ ಹೆಸರು ತೆರೆಯ ಮೇಲೆ ಬರತೊಡಗಿತೆಂಬುದು ನಿಜ. ಆದರೆ ಅಕ್ಷರಗಳನ್ನು ಓದುವವರಾರು? ಮೈಸೂರಿನಲ್ಲಿ 1923ರಲ್ಲಿ ಜನಿಸಿದ ವಿ. ಕೆ. ಮೂರ್ತಿಯವರು ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಛಾಯಾಗ್ರಹಣವನ್ನು ಕಲಿತು ಮುಂಬಯಿಗೆ ಹೋದರು. ಅಲ್ಲಿ ಅವರನ್ನು ಗುರುತಿಸಿದವರು ಗುರುದತ್ತರು. ಉಡುಪಿ ಜಿಲ್ಲೆಯ ಪಡುಕೋಣೆ ಗ್ರಾಮದ ಹೆಸರನ್ನೇ ಮನೆತನದ ಹೆಸರಾಗಿ ಉಳ್ಳವರು. 1959ರ ‘ಕಾಗಜ್ ಕೇ ಫೂಲ್’ ಚಿತ್ರದಲ್ಲಿ ಬರಿದಾದ ಸ್ಟುಡಿಯೋದೊಳಗೆ ಮೇಲಿನಿಂದ ಓರೆಯಾಗಿ ಇಳಿಯುವ ಬೆಳಕಿನ ಕಂಬವೊಂದು ಬರುವುದಷ್ಟೆ. ಅದನ್ನು ಮೂರ್ತಿಯವರು ದೊಡ್ಡ ದೀಪಗಳಿಂದ ಸಾಧಿಸಲಿಲ್ಲ. ಹೊರಗಿನ ಬಿಸಿಲನ್ನು ಕನ್ನಡಿಯಿಂದ ಹಿಡಿದು, ಮತ್ತೊಂದು ಕನ್ನಡಿಯಿಂದ ತಿರುಗಿಸಿ ಒಳಕ್ಕೆ ಬೀಳಿಸಿದರು. ರಾಳದ ಪುಡಿಯವನು ಇದನ್ನು ಕಂಡಿದ್ದರೆ ತನ್ನ ಜಾತಿಯ ವಿದ್ಯೆಯೆಂದೇ ಮೆಚ್ಚುತ್ತಿದ್ದನು.

ದಾದಾಸಾಹೇಬ್ ಫಾಲ್ಕೆ ಪುರಸ್ಕಾರವು 1969ನೆಯ ವರ್ಷದಿಂದ ನಡೆದು ಬಂದಿದೆ. ನಟರಿಗೆ, ನಿರ್ದೇಶಕರಿಗೆ, ಗಾಯಕರಿಗೆ ಅದು ಮತ್ತೆ ಮತ್ತೆ ಸಂದಿತು. ಛಾಯಾಗ್ರಾಹಕನೊಬ್ಬನ ಸರದಿ ಬಂದುದು 2008ನೆಯ ವರ್ಷದ ಪುರಸ್ಕಾರದಲ್ಲಿ. ಅದನ್ನು ಸ್ವೀಕರಿಸುವಾಗ ಮೂರ್ತಿಯವರಿಗೆ ಎಂಬತ್ತಾರು ವರ್ಷ. 2014ರಲ್ಲಿ ಅವರು ಬೆಂಗಳೂರಿನಲ್ಲಿ ತೀರಿಕೊಂಡರು.