ಅಕ್ಕಪಕ್ಕದ ಎರಡು ಗುಂಡಿಗಳು

ಈಗ ಮನೆಯಲ್ಲೇ ಕೂತು ವಿಮಾನದ ಕಾಕ್‌ಪಿಟ್ಟಿನೊಳಗೆ ಸುತ್ತಾಡಿ ಬರಬಹುದು. ಅಂತರ್ಜಾಲದಲ್ಲಿ ಏರ್‌ಬಸ್ ಎ320ರ 360 ಡಿಗ್ರಿ ಚಿತ್ರಗಳಿವೆ. ಮೌಸ್ ಎಳೆದರೆ ತಲೆಯ ಮೇಲಿನ ಸ್ವಿಚ್ಚುಗಳಿಂದ ಕಾಲಬುಡದ ಪೆಡಲ್‌ವರೆಗೆ ಎಲ್ಲವೂ ಕಾಣುತ್ತದೆ. ಅಂಬಲಮುಗಳಿನಲ್ಲಿ ಕೂತು ಈ ಪ್ರವಾಸ ಮಾಡುವಾಗ ನನ್ನ ಕಣ್ಣು ಹೋಗುವುದು ಮುಂಗಾಜಿನ ಕೆಳಗೆ, ಇಬ್ಬರು ಪೈಲಟ್‌ಗಳ ನಡುವಿನ ಪಟ್ಟಿಗೆ. ಅಲ್ಲಿ ಬಲಗಡೆ ತಿರುಗಿಸುವ ಎರಡು ಗುಂಡಿಗಳು ಅಕ್ಕಪಕ್ಕ ಇವೆ. ಒಂದು, ಎಷ್ಟು ಎತ್ತರಕ್ಕೆ ಹೋಗಬೇಕೆಂದು ಹೇಳಲು. ಇನ್ನೊಂದು, ನಿಮಿಷಕ್ಕೆ ಎಷ್ಟು ಅಡಿ ಇಳಿಯಬೇಕೆಂದು ಹೇಳಲು.

ಹಿಂದಿನ ಜೆಟ್ ವಿಮಾನಗಳ ಕಾಕ್‌ಪಿಟ್ ತುಂಬ ಗಡಿಯಾರದಂಥ ಮುಳ್ಳಿನ ಮಾಪಕಗಳು. ಅವನ್ನು ಗಮನಿಸಲು ಎಷ್ಟೋ ವಿಮಾನಗಳಲ್ಲಿ ಫ್ಲೈಟ್ ಇಂಜಿನಿಯರ್ ಎಂಬ ಮೂರನೆಯವರೂ ಇರುತ್ತಿದ್ದರು. 1988ರಲ್ಲಿ ಸೇವೆಗೆ ಬಂದ ಎ320ರಲ್ಲಿ ಅವುಗಳ ಜಾಗಕ್ಕೆ ಆರು ಪರದೆ ಬಂದವು. ಪೈಲಟ್ ಕೈಯ ಆಜ್ಞೆ ಕಂಪ್ಯೂಟರ್ ದಾಟಿ ರೆಕ್ಕೆಗೆ ಹೋಗತೊಡಗಿತು. ಇಂಡಿಯನ್ ಏರ್‌ಲೈನ್ಸ್ ಮರುವರ್ಷವೇ ಅದನ್ನು ತಂದಿತು.

1990ರ ಫೆಬ್ರವರಿ 14ರ ಮಧ್ಯಾಹ್ನ. ಬೊಂಬಾಯಿಯಿಂದ 146 ಮಂದಿಯನ್ನು ಹೊತ್ತ 605ನೇ ವಿಮಾನ ಬೆಂಗಳೂರಿನ ಎಚ್‌ಎಎಲ್ ನಿಲ್ದಾಣಕ್ಕೆ ಇಳಿಯುತ್ತಿತ್ತು. ರನ್‌ವೇ ಮುಟ್ಟುವ ಮೊದಲೇ ಗಾಲ್ಫ್ ಮೈದಾನಕ್ಕೆ ಬಡಿಯಿತು. 92 ಜನ ತೀರಿಕೊಂಡರು.

ಇಂಜಿನ್ ಕೆಟ್ಟಿರಲಿಲ್ಲ. ನಿಮಿಷಕ್ಕೆ 700 ಅಡಿಯಂತೆ ಇಳಿಸಲು ಹೊರಟವರು ಪಕ್ಕದ ಗುಂಡಿಯಲ್ಲಿ 700 ಅಡಿ ಎತ್ತರ ಎಂದು ತಿರುಗಿಸಿರಬಹುದು ಎಂಬ ಊಹೆ ನ್ಯಾಯಮೂರ್ತಿ ಕೆ. ಶಿವಶಂಕರ ಭಟ್ಟರ ತನಿಖೆಯಲ್ಲಿ ಬಂತು. ಬೆಂಗಳೂರು ಇರುವುದೇ ಸಮುದ್ರಮಟ್ಟದಿಂದ ಸುಮಾರು 2,900 ಅಡಿ ಮೇಲೆ. 700 ಅಡಿ ಅಂದರೆ ನೆಲದ ಒಳಗೆ! ಕಂಪ್ಯೂಟರ್ ಮರುಪ್ರಶ್ನೆ ಹಾಕಲಿಲ್ಲ. ಇಂಜಿನ್ ಶಕ್ತಿಯನ್ನು ತೀರಾ ತಗ್ಗಿಸಿ ಇಳಿಯುತ್ತಲೇ ಹೋಯಿತು. ವೇಗ ಕುಸಿದದ್ದು ತಿಳಿದು ಪೈಲಟ್ ಪೂರ್ತಿ ಶಕ್ತಿ ಕೊಡುವಾಗ ಕೆಲವೇ ಸೆಕೆಂಡು ಉಳಿದಿತ್ತು. ವಿಮಾನ ಯಾವ ಮೋಡ್‌ನಲ್ಲಿದೆ ಎಂಬುದು ಪರದೆಯ ಮೇಲ್ತುದಿಯಲ್ಲಿ ಸಣ್ಣಕ್ಷರದಲ್ಲಿ ಇದ್ದೇ ಇತ್ತು.

ಪೈಲಟ್ ತಪ್ಪು ಎಂದು ಕಡತ ಮುಚ್ಚುವುದು ಸುಲಭ. ಸಾಫ್ಟ್‌ವೇರ್ ಕೆಲಸದವಳಾದ ನನಗೆ ಅದು ಅರ್ಧ ಉತ್ತರ. ಏಕೆಂದರೆ 1992ರ ಜನವರಿಯಲ್ಲಿ ಫ್ರಾನ್ಸಿನ ಸ್ಟ್ರಾಸ್‌ಬರ್ಗ್ ಬಳಿ ಮತ್ತೊಂದು ಎ320 ಬೆಟ್ಟಕ್ಕೆ ಬಡಿದು 87 ಮಂದಿ ಸತ್ತರು. ಅಲ್ಲೂ ಅದೇ ಪಟ್ಟಿ. 3.3 ಎಂದರೆ ಇಳಿಜಾರಿನ ಡಿಗ್ರಿ, 33 ಎಂದರೆ ನಿಮಿಷಕ್ಕೆ 3,300 ಅಡಿ. ನಡುವೆ ಒಂದು ಚುಕ್ಕಿಯ ವ್ಯತ್ಯಾಸ. ಪೈಲಟ್‌ಗಳು ಎರಡನ್ನೂ ಅದಲುಬದಲು ಮಾಡಿಕೊಂಡಿರುವ ಸಾಧ್ಯತೆ ಹೆಚ್ಚೆಂದು ಅಲ್ಲಿನ ತನಿಖೆ ಹೇಳಿತು.

ಪ್ರವಾಸದಲ್ಲಿ ಬಲತುದಿಯ ಪುಟ್ಟ ಕಿಟಕಿಯನ್ನು ದೊಡ್ಡದು ಮಾಡಿ ನೋಡಿ. ಇಳಿಯುವ ವೇಗವನ್ನು ಈಗ ಪೂರ್ತಿ ನಾಲ್ಕು ಅಂಕಿಯಲ್ಲಿ ತೋರಿಸುತ್ತಾರೆ. ಆ ಬದಲಾವಣೆ ಆದದ್ದು ಸ್ಟ್ರಾಸ್‌ಬರ್ಗ್ ಆದಮೇಲೆ.